ಕೆಬಿ, ಎಂಬಿ, ಜಿಬಿ, ಟಿಬಿ: ಒಂದರಿಂದ ಇನ್ನೊಂದಕ್ಕೆ ಲೆಕ್ಕ ಹಾಕುವುದು ಹೇಗೆ?

ಬ್ಯಾಂಕ್ ಪರೀಕ್ಷೆಗೆ ಅರ್ಜಿ ತುಂಬುತ್ತಿದ್ದೀರಿ. ಫೋಟೋ 20 ಕೆಬಿಯಿಂದ 50 ಕೆಬಿ ಒಳಗೆ ಇರಬೇಕು ಅಂತ ಬರೆದಿದೆ. ನಿಮ್ಮ ಫೋನಿನಲ್ಲಿರುವ ಫೋಟೋ 3.2 ಎಂಬಿ. ಎಷ್ಟು ಚಿಕ್ಕದು ಮಾಡಬೇಕು? ಮನೆಗೆ 100 ಎಂಬಿಪಿಎಸ್ ಇಂಟರ್ನೆಟ್ ಹಾಕಿಸಿದ್ದೀರಿ, ಆದರೆ ಡೌನ್‌ಲೋಡ್ ಆಗುವಾಗ ಸೆಕೆಂಡಿಗೆ 12 ಎಂಬಿ ಅಂತ ಮಾತ್ರ ತೋರಿಸುತ್ತದೆ. ಹೊಸ 1 ಟಿಬಿ ಹಾರ್ಡ್ ಡಿಸ್ಕನ್ನು ವಿಂಡೋಸ್ ಕಂಪ್ಯೂಟರಿಗೆ ಸಿಕ್ಕಿಸಿದರೆ 931 ಜಿಬಿ ಅನ್ನುತ್ತದೆ.

ಈ ಮೂರು ಕಡೆಯೂ ಬೇಕಾಗುವುದು ಶಾಲೆಯಲ್ಲಿ ಕಲಿತ ಗುಣಾಕಾರ, ಭಾಗಾಕಾರ ಅಷ್ಟೇ. ಆದರೆ ಕ್ಯಾಲ್ಕುಲೇಟರ್ ತೆಗೆಯುವ ಮೊದಲು ಎರಡು ಪ್ರಶ್ನೆ ಕೇಳಿಕೊಳ್ಳಬೇಕು. ಇದು ಬಿಟ್ಟೋ ಬೈಟೋ? ಇಲ್ಲಿ ಕಿಲೋ ಅಂದರೆ 1000 ಅಂತಲೋ 1024 ಅಂತಲೋ? ಜನ ಎಡವುವುದು ಹೆಚ್ಚಾಗಿ ಈ ಎರಡರಲ್ಲೇ. ಗುಣಾಕಾರದಲ್ಲಿ ತಪ್ಪುವವರು ಕಡಿಮೆ.

ಮೊದಲು ನೋಡಬೇಕಾದದ್ದು: ಬಿಟ್ಟೋ ಬೈಟೋ

ಕಂಪ್ಯೂಟರಿನ ಅತಿ ಚಿಕ್ಕ ಅಳತೆ ಬಿಟ್. ಅದು 0 ಇಲ್ಲವೇ 1. ಅಂಥ 8 ಬಿಟ್ ಸೇರಿದರೆ 1 ಬೈಟ್. ಬಿಟ್ಟಿನಿಂದ ಬೈಟಿಗೆ ಹೋಗಲು 8ರಿಂದ ಭಾಗಿಸಿ, ಬೈಟಿನಿಂದ ಬಿಟ್ಟಿಗೆ ಬರಲು 8ರಿಂದ ಗುಣಿಸಿ.

ಇಂಗ್ಲಿಷಿನಲ್ಲಿ ಬರೆಯುವಾಗ ಬಿಟ್ಟಿಗೆ ಚಿಕ್ಕ ಬಿ, ಬೈಟಿಗೆ ದೊಡ್ಡ ಬಿ ಹಾಕುತ್ತಾರೆ. ಕನ್ನಡದಲ್ಲಿ ಬರೆದಾಗ ಎರಡೂ ‘ಎಂಬಿ’ ಆಗಿಬಿಡುತ್ತವೆ. ಹಾಗಾಗಿ ಸಂದರ್ಭ ನೋಡಿ ತಿಳಿಯಬೇಕು. ಒಂದು ಸುಲಭದ ಗುರುತು ಇದೆ. ಜಾಗದ ಲೆಕ್ಕ ಬಂದರೆ, ಅಂದರೆ ಫೈಲ್, ಪೆನ್‌ಡ್ರೈವ್, ಮೆಮೊರಿ ಕಾರ್ಡ್, ಫೋನಿನ ಸ್ಟೋರೇಜ್, ಅದು ಬೈಟ್. ವೇಗದ ಲೆಕ್ಕ ಬಂದು ಕೊನೆಯಲ್ಲಿ ‘ಪಿಎಸ್’ (ಅಂದರೆ ಪರ್ ಸೆಕೆಂಡ್, ಸೆಕೆಂಡಿಗೆ) ಇದ್ದರೆ ಅದು ಸಾಮಾನ್ಯವಾಗಿ ಬಿಟ್. ಇಂಟರ್ನೆಟ್ ಕಂಪನಿಗಳು ಹೇಳುವ ವೇಗ ಯಾವಾಗಲೂ ಬಿಟ್ಟಿನಲ್ಲೇ ಇರುತ್ತದೆ. ಬ್ರೌಸರ್ ಡೌನ್‌ಲೋಡ್ ತೋರಿಸುವುದು ಬೈಟಿನಲ್ಲಿ. 100 ಎಂಬಿಪಿಎಸ್ ಅನ್ನು 8ರಿಂದ ಭಾಗಿಸಿದರೆ ಸೆಕೆಂಡಿಗೆ 12.5 ಎಂಬಿ. ನಿಮಗೆ 12ರ ಹತ್ತಿರ ಬರುತ್ತಿದ್ದರೆ ಕನೆಕ್ಷನ್ ಸರಿಯಾಗೇ ಇದೆ, ದೂರು ಕೊಡುವುದು ಬೇಡ. 4 ಅಥವಾ 5 ಬರುತ್ತಿದ್ದರೆ ಮೊದಲು ರೂಟರ್ ಪಕ್ಕದಲ್ಲೇ ಕೂತು ಇನ್ನೊಮ್ಮೆ ನೋಡಿ, ಆಮೇಲೆ ಕರೆ ಮಾಡಿ.

ದಿನದ ಡೇಟಾ ಮುಗಿದ ಮೇಲೆ ವೇಗ 64 ಕೆಬಿಪಿಎಸ್‌ಗೆ ಇಳಿಯುತ್ತದೆ ಅಂತ ಮೊಬೈಲ್ ಪ್ಲಾನಿನಲ್ಲಿ ಚಿಕ್ಕ ಅಕ್ಷರದಲ್ಲಿ ಬರೆದಿರುತ್ತಾರಲ್ಲ, ಅದನ್ನೂ ಹೀಗೇ ನೋಡಿ. 64 ಭಾಗಿಸು 8, ಅಂದರೆ ಸೆಕೆಂಡಿಗೆ 8 ಕೆಬಿ. 3 ಎಂಬಿ ಫೋಟೋ ಒಂದನ್ನು ಕಳಿಸಲು 3000 ಭಾಗಿಸು 8, ಅಂದರೆ 375 ಸೆಕೆಂಡ್. ಆರು ಕಾಲು ನಿಮಿಷ ಆಯಿತು. ಅದೇ ಅರ್ಧ ಪುಟದ ಮೆಸೇಜಿಗೆ ಅರ್ಧ ಸೆಕೆಂಡ್ ಕೂಡ ಬೇಡ. ಡೇಟಾ ಮುಗಿದಾಗ ಯಾವ ಕೆಲಸ ಮಾಡಬಹುದು, ಯಾವುದನ್ನು ನಾಳೆಗೆ ಇಟ್ಟುಕೊಳ್ಳಬೇಕು ಅನ್ನುವುದು ಇದರಿಂದ ಗೊತ್ತಾಗುತ್ತದೆ.

ಕನ್ನಡದಲ್ಲಿ ಬರೆಯುವವರು ಒಂದು ವಿಷಯ ತಿಳಿದಿರಬೇಕು. ಇಂಟರ್ನೆಟ್ಟಿನಲ್ಲಿ ಬಳಕೆಯಲ್ಲಿರುವ ಯುಟಿಎಫ್-8 ಪದ್ಧತಿಯಲ್ಲಿ ಇಂಗ್ಲಿಷಿನ ಒಂದು ಅಕ್ಷರಕ್ಕೆ 1 ಬೈಟ್ ಸಾಕು. ಕನ್ನಡದ ಒಂದೊಂದು ಚಿಹ್ನೆಗೂ 3 ಬೈಟ್ ಬೇಕು. ‘ಕನ್ನಡ’ ಅನ್ನುವ ಪದ ಕಣ್ಣಿಗೆ ಮೂರೇ ಅಕ್ಷರ. ಆದರೆ ಕಂಪ್ಯೂಟರಿಗೆ ಅದು ಐದು ಚಿಹ್ನೆ: ಕ, ನ, ಹಲಂತದ ಗುರುತು, ಇನ್ನೊಂದು ನ, ಡ. ಒಟ್ಟು 15 ಬೈಟ್. ಅದೇ ಪದವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆದರೆ 7 ಬೈಟ್.

ಎಸ್ಎಂಎಸ್‌ನಲ್ಲಿ ಪದ್ಧತಿ ಬೇರೆ, ಆದರೆ ಕನ್ನಡಕ್ಕೆ ಅಲ್ಲೂ ಜಾಸ್ತಿ ಜಾಗ ಬೇಕು. ಒಂದು ಎಸ್ಎಂಎಸ್‌ಗೆ ಇರುವ ಜಾಗ 140 ಬೈಟ್, ಅಂದರೆ 1120 ಬಿಟ್. ಇಂಗ್ಲಿಷ್ ಅಕ್ಷರಕ್ಕೆ ಅಲ್ಲಿ 7 ಬಿಟ್, ಹಾಗಾಗಿ 160 ಅಕ್ಷರ ಹಿಡಿಸುತ್ತದೆ. ಕನ್ನಡದ ಚಿಹ್ನೆಗೆ 16 ಬಿಟ್, ಹಾಗಾಗಿ 70 ಮಾತ್ರ. ಸಂಘಕ್ಕೋ ಶಾಲೆಗೋ ಒಟ್ಟಿಗೆ ನೂರಾರು ಜನರಿಗೆ ಎಸ್ಎಂಎಸ್ ಕಳಿಸುವವರು ಕನ್ನಡದಲ್ಲಿ ಬರೆದಾಗ ಒಂದೇ ಸಂದೇಶ ಎರಡು ಮೂರಾಗಿ ಲೆಕ್ಕ ಆಗುವುದು ಇದಕ್ಕೇ. ಇಷ್ಟಕ್ಕೆ ಕನ್ನಡ ಬಿಡಬೇಡಿ. ವಾಕ್ಯ ಚಿಕ್ಕದು ಮಾಡಿ, ಒತ್ತಕ್ಷರ ಕಡಿಮೆ ಇರುವ ಪದ ಸಿಕ್ಕರೆ ಅದನ್ನು ಬಳಸಿ.

ಮೆಟ್ಟಿಲು ಹತ್ತುವುದು, ಇಳಿಯುವುದು

ಕೆಬಿ (ಕಿಲೋಬೈಟ್), ಎಂಬಿ (ಮೆಗಾಬೈಟ್), ಜಿಬಿ (ಗಿಗಾಬೈಟ್), ಟಿಬಿ (ಟೆರಾಬೈಟ್). ಪ್ರತಿ ಮೆಟ್ಟಿಲು ಹಿಂದಿನದಕ್ಕಿಂತ ಸಾವಿರ ಪಟ್ಟು ದೊಡ್ಡದು. ನಮ್ಮ ಎಣಿಕೆಯಲ್ಲಿ ಹೇಳಿದರೆ ಬೇಗ ಮನಸ್ಸಿನಲ್ಲಿ ಕೂರುತ್ತದೆ:

1 ಕೆಬಿ = ಸಾವಿರ ಬೈಟ್
1 ಎಂಬಿ = ಹತ್ತು ಲಕ್ಷ ಬೈಟ್
1 ಜಿಬಿ = ನೂರು ಕೋಟಿ ಬೈಟ್
1 ಟಿಬಿ = ಒಂದು ಲಕ್ಷ ಕೋಟಿ ಬೈಟ್

ದೊಡ್ಡದರಿಂದ ಚಿಕ್ಕದಕ್ಕೆ ಇಳಿಯುವಾಗ ಮೆಟ್ಟಿಲಿಗೊಮ್ಮೆ 1000ದಿಂದ ಗುಣಿಸಿ. ಚಿಕ್ಕದರಿಂದ ದೊಡ್ಡದಕ್ಕೆ ಹತ್ತುವಾಗ ಮೆಟ್ಟಿಲಿಗೊಮ್ಮೆ 1000ದಿಂದ ಭಾಗಿಸಿ. ಕ್ಯಾಲ್ಕುಲೇಟರ್ ಕೂಡ ಬೇಡ, ಚುಕ್ಕಿಯನ್ನು ಮೂರು ಮನೆ ಸರಿಸಿದರೆ ಆಯಿತು. 3.2 ಎಂಬಿ ಅಂದರೆ 3200 ಕೆಬಿ. 750 ಎಂಬಿ ಅಂದರೆ 0.75 ಜಿಬಿ. 0.5 ಟಿಬಿ ಅಂದರೆ 500 ಜಿಬಿ. ಎರಡು ಮೆಟ್ಟಿಲು ದಾಟಬೇಕಾದರೆ ಆರು ಮನೆ ಸರಿಸಿ: 2 ಜಿಬಿ ಅಂದರೆ 20,00,000 ಕೆಬಿ.

ಉತ್ತರ ಬಂದ ಮೇಲೆ ಒಂದು ಸಲ ಕಣ್ಣಾಡಿಸಿ. ಚಿಕ್ಕ ಅಳತೆಗೆ ಇಳಿದಾಗ ಅಂಕಿ ದೊಡ್ಡದಾಗಿರಬೇಕು, ದೊಡ್ಡ ಅಳತೆಗೆ ಹತ್ತಿದಾಗ ಅಂಕಿ ಚಿಕ್ಕದಾಗಿರಬೇಕು. ಹಾಗಾಗದಿದ್ದರೆ ಗುಣಿಸಬೇಕಾದಲ್ಲಿ ಭಾಗಿಸಿದ್ದೀರಿ.

ಟಿಬಿಯ ಮೇಲೆ ಪೆಟಾ, ಎಕ್ಸಾ, ಜೆಟ್ಟಾ, ಯೊಟ್ಟಾ ಇವೆ. 2022ರಲ್ಲಿ ರೊನ್ನಾ, ಕ್ವೆಟ್ಟಾ ಅಂತ ಇನ್ನೆರಡು ಸೇರಿದವು. ಮನೆಯ ಕೆಲಸಕ್ಕೆ ಟಿಬಿಯವರೆಗೆ ಗೊತ್ತಿದ್ದರೆ ಧಾರಾಳ.

1000 ಮತ್ತು 1024ರ ಗೊಂದಲ

ಮೆಮೊರಿ ಚಿಪ್‌ಗಳು ಎರಡೆರಡು ಪಟ್ಟಾಗಿ ಬೆಳೆಯುತ್ತವೆ: 2, 4, 8, 16 ಹೀಗೆ. ಹತ್ತು ಸಲ ದುಪ್ಪಟ್ಟು ಮಾಡಿದರೆ 1024 ಬರುತ್ತದೆ. ಅದು ಸಾವಿರಕ್ಕೆ ತುಂಬ ಹತ್ತಿರ. ಹಾಗಾಗಿ ಹಿಂದಿನ ಎಂಜಿನಿಯರುಗಳು 1024 ಬೈಟನ್ನೇ ಕಿಲೋಬೈಟ್ ಅಂತ ಕರೆದರು. ಆಗ ಎಲ್ಲ ಕಿಲೋಬೈಟಿನಲ್ಲೇ ಮುಗಿಯುತ್ತಿತ್ತು, ನೂರಕ್ಕೆ ಎರಡರಷ್ಟು ವ್ಯತ್ಯಾಸ ಯಾರಿಗೂ ಕಾಣಲಿಲ್ಲ. ಆದರೆ ಮೆಟ್ಟಿಲು ಹತ್ತಿದಷ್ಟೂ ಈ ವ್ಯತ್ಯಾಸ ಬೆಳೆಯುತ್ತದೆ. ಎಂಬಿಯಲ್ಲಿ ಸುಮಾರು ಶೇ. 5, ಜಿಬಿಯಲ್ಲಿ ಶೇ. 7, ಟಿಬಿಯಲ್ಲಿ ಸುಮಾರು ಶೇ. 10.

ಅಂತರರಾಷ್ಟ್ರೀಯ ವಿದ್ಯುತ್ ತಾಂತ್ರಿಕ ಆಯೋಗ 1998ರಲ್ಲಿ 1024ರ ಲೆಕ್ಕಕ್ಕೆ ಬೇರೆ ಹೆಸರುಗಳನ್ನೇ ಕೊಟ್ಟಿತು: ಕಿಬಿಬೈಟ್, ಮೆಬಿಬೈಟ್, ಗಿಬಿಬೈಟ್, ಟೆಬಿಬೈಟ್. ಕಿಲೋ, ಮೆಗಾ, ಗಿಗಾ ಅಂದರೆ ಕೇವಲ ಸಾವಿರದ ಲೆಕ್ಕ ಅಂತ ಗೊತ್ತು ಮಾಡಿತು. ಒಳ್ಳೆಯ ಕೆಲಸ. ಆದರೆ ವಿಂಡೋಸ್ ಇಂದಿಗೂ ಒಳಗೆ 1024ರಿಂದ ಭಾಗಿಸಿ, ಹೊರಗೆ ಜಿಬಿ ಅಂತಲೇ ಬರೆಯುತ್ತದೆ. ಎಲ್ಲ ಗೊಂದಲಕ್ಕೂ ಮುಖ್ಯ ಕಾರಣ ಇದೇ. ಇದನ್ನು ಯಾವತ್ತೋ ಸರಿ ಮಾಡಬೇಕಿತ್ತು ಅನ್ನುವುದು ನನ್ನ ಅಭಿಪ್ರಾಯ. ಆಪಲ್ ತನ್ನ ಮ್ಯಾಕ್ ಕಂಪ್ಯೂಟರುಗಳಲ್ಲಿ 2009ರಿಂದ 1000ದ ಲೆಕ್ಕಕ್ಕೆ ಬದಲಾಯಿತು, ಅದೇ ಡಿಸ್ಕ್ ಅಲ್ಲಿ 1 ಟಿಬಿ ಅಂತಲೇ ಕಾಣುತ್ತದೆ.

1 ಟಿಬಿ 931 ಜಿಬಿ ಆಗುವುದನ್ನು ಕೈಯಾರೆ ಮಾಡಿ ನೋಡೋಣ. ಡಿಸ್ಕಿನಲ್ಲಿ ಇರುವುದು 10,00,00,00,00,000 ಬೈಟ್. 1024ರಿಂದ ಒಮ್ಮೆ ಭಾಗಿಸಿದರೆ 97,65,62,500. ಇನ್ನೊಮ್ಮೆ ಭಾಗಿಸಿದರೆ ಸುಮಾರು 9,53,674. ಮತ್ತೊಮ್ಮೆ ಭಾಗಿಸಿದರೆ 931.3. ಒಂದು ಬೈಟ್ ಕೂಡ ಎಲ್ಲೂ ಹೋಗಿಲ್ಲ. ಅಮೆರಿಕದಲ್ಲಿ ಇದೇ ವಿಷಯಕ್ಕೆ ಗ್ರಾಹಕರು ಡಿಸ್ಕ್ ಕಂಪನಿಯ ಮೇಲೆ ಕೋರ್ಟಿಗೆ ಹೋಗಿದ್ದರು, 2006ರಲ್ಲಿ ವೆಸ್ಟರ್ನ್ ಡಿಜಿಟಲ್ ಕಂಪನಿ ರಾಜಿ ಮಾಡಿಕೊಂಡಿತು.

ದಿನಬಳಕೆಗೆ ಇಷ್ಟು ಸಾಕು: ಪೆಟ್ಟಿಗೆಯ ಮೇಲಿನ ಜಿಬಿಯನ್ನು 0.93ರಿಂದ ಗುಣಿಸಿ, ವಿಂಡೋಸ್ ತೋರಿಸುವ ಜಿಬಿ ಹೆಚ್ಚುಕಮ್ಮಿ ಸಿಗುತ್ತದೆ. ಟಿಬಿಯಿಂದ ಟಿಬಿಗಾದರೆ 0.91. ಹೀಗೆ 256 ಜಿಬಿ 238 ಆಗುತ್ತದೆ, 500 ಜಿಬಿ 465 ಆಗುತ್ತದೆ, 2 ಟಿಬಿ 1.81 ಟಿಬಿ ಆಗುತ್ತದೆ. ಲ್ಯಾಪ್‌ಟಾಪಿನಲ್ಲಿ ಸಿ ಡ್ರೈವ್ ಇದಕ್ಕಿಂತಲೂ ಸ್ವಲ್ಪ ಕಡಿಮೆ ಕಂಡರೆ ಗಾಬರಿ ಬೇಡ. ಕಂಪನಿಯವರು ರಿಕವರಿಗೆ ಅಂತ ಒಂದು ಭಾಗ ಬೇರೆ ಇಟ್ಟಿರುತ್ತಾರೆ.

ರ್‍ಯಾಮ್‌ಗೆ ಮಾತ್ರ ಯಾವಾಗಲೂ 1024. 8 ಜಿಬಿ ರ್‍ಯಾಮ್ ಅಂದರೆ 1024ರ ಲೆಕ್ಕದಲ್ಲೇ ಪೂರ್ತಿ 8. ಇಂಟರ್ನೆಟ್ ವೇಗಕ್ಕೆ ಯಾವಾಗಲೂ 1000. ಹಾರ್ಡ್ ಡಿಸ್ಕ್, ಎಸ್ಎಸ್‌ಡಿ, ಪೆನ್‌ಡ್ರೈವ್ ಪೆಟ್ಟಿಗೆಯ ಮೇಲೆ 1000. ವಿಂಡೋಸ್ ಪರದೆಯ ಮೇಲೆ 1024. ಹಳೆಯ ಫ್ಲಾಪಿಯ ಕಥೆ ಇನ್ನೂ ವಿಚಿತ್ರ. 1.44 ಎಂಬಿ ಫ್ಲಾಪಿಯಲ್ಲಿ ಇದ್ದದ್ದು 14,74,560 ಬೈಟ್, ಅಂದರೆ 1440 ಗುಣಿಸು 1024. ಒಮ್ಮೆ 1000, ಒಮ್ಮೆ 1024! 1000ದ ಲೆಕ್ಕದಲ್ಲಿ ಅದು 1.47, 1024ರ ಲೆಕ್ಕದಲ್ಲಿ 1.41. 1.44 ಎರಡರಲ್ಲೂ ಬರುವುದಿಲ್ಲ.

ಎರಡರಲ್ಲಿ ಯಾವುದು ಅಂತ ಗೊತ್ತಾಗದಿದ್ದರೆ ಬೈಟಿಗೆ ಹೋಗಿ. ವಿಂಡೋಸಿನಲ್ಲಿ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ತೆರೆದರೆ, ಸೈಜ್ ಪಕ್ಕದಲ್ಲೇ ಆವರಣದಲ್ಲಿ ಪೂರ್ತಿ ಬೈಟ್ ಸಂಖ್ಯೆ ಇರುತ್ತದೆ. ಅದರಲ್ಲಿ ವಾದಕ್ಕೆ ಜಾಗವೇ ಇಲ್ಲ. ಕೆಳಗಿರುವ ‘ಸೈಜ್ ಆನ್ ಡಿಸ್ಕ್’ ಬೇರೆ ಲೆಕ್ಕ, ಅದು ಡಿಸ್ಕಿನಲ್ಲಿ ಆ ಫೈಲಿಗೆ ಮೀಸಲಾದ ಜಾಗ. ಅರ್ಜಿಗೆ ಬೇಕಾಗಿರುವುದು ಮೇಲಿನದು.

ಆನ್‌ಲೈನ್ ಕನ್ವರ್ಟರ್ ಬಳಸುವವರು ಮೊದಲು ಒಂದು ಪರೀಕ್ಷೆ ಮಾಡಿ. 1 ಜಿಬಿಗೆ ಎಷ್ಟು ಎಂಬಿ ಅಂತ ಹಾಕಿ. 1000 ಬಂತೋ 1024 ಬಂತೋ ನೋಡಿ, ಅದು ಯಾವ ಲೆಕ್ಕದ್ದು ಅಂತ ಗೊತ್ತಾಗುತ್ತದೆ. ವಿಂಡೋಸಿನ ಕ್ಯಾಲ್ಕುಲೇಟರಿನಲ್ಲೇ ‘ಡೇಟಾ’ ಅನ್ನುವ ಕನ್ವರ್ಟರ್ ಇದೆ. ಅಲ್ಲಿ ಗಿಗಾಬೈಟ್, ಗಿಬಿಬೈಟ್ ಎರಡೂ ಬೇರೆ ಬೇರೆಯಾಗಿವೆ. ನಾನು ಎಲ್ಲರಿಗೂ ಹೇಳುವುದು ಅದನ್ನೇ.

ಅರ್ಜಿಯ ಫೋಟೋ

ಐಬಿಪಿಎಸ್ ಬ್ಯಾಂಕ್ ಪರೀಕ್ಷೆಯ ಅರ್ಜಿಯಲ್ಲಿ ಫೋಟೋಗೆ 20ರಿಂದ 50 ಕೆಬಿ, ಸಹಿಗೆ 10ರಿಂದ 20 ಕೆಬಿ ಅಂತ ಕೇಳುತ್ತಾರೆ. ವೆಬ್‌ಸೈಟ್ 1000ದಿಂದ ಎಣಿಸುತ್ತದೋ 1024ರಿಂದಲೋ ಹೊರಗಿನಿಂದ ಕಾಣುವುದಿಲ್ಲ. ಅದಕ್ಕೆ ಎರಡರಲ್ಲೂ ಪಾಸಾಗುವ ಹಾಗೆ ಇಟ್ಟುಕೊಳ್ಳಿ. ಮೇಲಿನ ಮಿತಿಗೆ ಚಿಕ್ಕ ಲೆಕ್ಕ ಹಿಡಿಯಿರಿ, 50,000 ಬೈಟ್ ದಾಟಬಾರದು. ಕೆಳಗಿನ ಮಿತಿಗೆ ದೊಡ್ಡ ಲೆಕ್ಕ ಹಿಡಿಯಿರಿ, 20,480 ಬೈಟಿಗಿಂತ ಕಡಿಮೆ ಆಗಬಾರದು. 40,000 ಬೈಟಿನ ಆಸುಪಾಸಿನಲ್ಲಿ ನಿಲ್ಲಿಸಿದರೆ ಯೋಚನೆಯೇ ಇಲ್ಲ.

3.2 ಎಂಬಿಯನ್ನು 40 ಕೆಬಿಗೆ ತರುವುದು ಅಂದರೆ 3200 ಭಾಗಿಸು 40, ಅಂದರೆ 80 ಪಟ್ಟು ಇಳಿಸಬೇಕು. ಬರೀ ಕ್ವಾಲಿಟಿ ಕಡಿಮೆ ಮಾಡಿ ಇಷ್ಟು ಇಳಿಸಹೋದರೆ ಮುಖವೆಲ್ಲ ಚೌಕ ಚೌಕವಾಗುತ್ತದೆ. ಮೊದಲು ಉದ್ದ ಅಗಲ ಇಳಿಸಿ. ಆ ಅರ್ಜಿಯಲ್ಲೇ 200 ಗುಣಿಸು 230 ಪಿಕ್ಸೆಲ್ ಅಂತ ಸಲಹೆ ಇರುತ್ತದೆ. ಅಂದರೆ 46,000 ಪಿಕ್ಸೆಲ್. ಬಣ್ಣದ ಚಿತ್ರದಲ್ಲಿ ಒಂದು ಪಿಕ್ಸೆಲಿಗೆ 3 ಬೈಟ್, ಹಾಗಾಗಿ ಒತ್ತದೆ, ಅಂದರೆ ಕಂಪ್ರೆಸ್ ಮಾಡದೆ ಇಟ್ಟರೆ 1,38,000 ಬೈಟ್. ಜೆಪೆಗ್ ಮಾಡಿದಾಗ ಇದು ಸುಲಭವಾಗಿ ಮೂರರಲ್ಲೊಂದು ಭಾಗಕ್ಕೋ ಅದಕ್ಕಿಂತ ಕಡಿಮೆಗೋ ಬರುತ್ತದೆ, ಮುಖವೂ ಚೆನ್ನಾಗೇ ಉಳಿಯುತ್ತದೆ. ವಿಂಡೋಸಿನ ಪೇಂಟ್ ತೆರೆದು, ಮೊದಲು ಮುಖದ ಸುತ್ತ ಕ್ರಾಪ್ ಮಾಡಿ, ಆಮೇಲೆ ರೀಸೈಜ್‌ನಲ್ಲಿ ಪಿಕ್ಸೆಲ್ ಆಯ್ಕೆ ಮಾಡಿ ಅಳತೆ ಹಾಕಿ, ಜೆಪೆಗ್ ಆಗಿ ಸೇವ್ ಮಾಡಿ. 20 ಕೆಬಿಗಿಂತ ಕಡಿಮೆ ಬಂತು ಅಂದರೆ ಮೂಲ ಫೋಟೋದಿಂದಲೇ ಸ್ವಲ್ಪ ದೊಡ್ಡ ಅಳತೆಯಲ್ಲಿ ಮತ್ತೆ ಮಾಡಿ. ಒಮ್ಮೆ ಚಿಕ್ಕದಾದದ್ದನ್ನು ಹಿಗ್ಗಿಸಬೇಡಿ.

ಅಂದಹಾಗೆ ಮೆಗಾಪಿಕ್ಸೆಲ್ ಬೇರೆ, ಎಂಬಿ ಬೇರೆ. 12 ಮೆಗಾಪಿಕ್ಸೆಲ್ ಫೋಟೋ ಒತ್ತದೆ ಇಟ್ಟರೆ 36 ಎಂಬಿ. ಜೆಪೆಗ್ ಆದ ಮೇಲೆ ಸಾಮಾನ್ಯವಾಗಿ 3ರಿಂದ 5 ಎಂಬಿ.

ಅಂಗಡಿಯ ಸಿಸಿಟಿವಿಗೆ ಎಷ್ಟು ಟಿಬಿ?

ಈ ಲೆಕ್ಕವನ್ನು ಡಿಸ್ಕ್ ಕೊಳ್ಳುವ ಮೊದಲೇ ಮಾಡಿದರೆ ದುಡ್ಡು ಉಳಿಯುತ್ತದೆ. ಕ್ಯಾಮೆರಾ ದೃಶ್ಯವನ್ನು ರೆಕಾರ್ಡ್ ಮಾಡುವ ಪೆಟ್ಟಿಗೆಯ, ಅಂದರೆ ಡಿವಿಆರ್‌ನ ಮೆನುವಿನಲ್ಲಿ ಪ್ರತಿ ಕ್ಯಾಮೆರಾಗೂ ಬಿಟ್‌ರೇಟ್ ಅಂತ ಒಂದು ಜಾಗ ಇರುತ್ತದೆ. ಅದರಲ್ಲಿ 2048 ಕೆಬಿಪಿಎಸ್ ಅಂತ ಇದೆ ಅಂತಿಟ್ಟುಕೊಳ್ಳಿ. ‘ಪಿಎಸ್’ ಬಂತಲ್ಲ, ಇದು ಬಿಟ್. 8ರಿಂದ ಭಾಗಿಸಿ: ಸೆಕೆಂಡಿಗೆ 256 ಕೆಬಿ. ದಿನಕ್ಕೆ 86,400 ಸೆಕೆಂಡ್. ಗುಣಿಸಿದರೆ 2,21,18,400 ಕೆಬಿ. ಆರು ಮನೆ ಸರಿಸಿದರೆ 22.1 ಜಿಬಿ. ಒಂದು ಕ್ಯಾಮೆರಾಗೆ ಒಂದು ದಿನಕ್ಕೆ ಇಷ್ಟು. ನಾಲ್ಕು ಕ್ಯಾಮೆರಾಗೆ 88.5 ಜಿಬಿ.

1 ಟಿಬಿ ಡಿಸ್ಕ್ ಹಾಕಿದರೆ 1000 ಭಾಗಿಸು 88.5, ಹನ್ನೊಂದು ದಿನ ಬರುತ್ತದೆ. ಹನ್ನೆರಡನೇ ದಿನ ಹಳೆಯದರ ಮೇಲೆ ಹೊಸದು ಬರೆಯುತ್ತದೆ. ತಿಂಗಳ ದೃಶ್ಯ ಬೇಕು ಅಂದರೆ 88.5 ಗುಣಿಸು 30, ಅಂದರೆ 2655 ಜಿಬಿ, ಸುಮಾರು 2.7 ಟಿಬಿ. ನಾನಾದರೆ 4 ಟಿಬಿ ತೆಗೆದುಕೊಳ್ಳಿ ಅನ್ನುತ್ತೇನೆ. ಬಾಗಿಲ ಹತ್ತಿರ ಜನ ಓಡಾಡುವ ದೃಶ್ಯಕ್ಕೆ, ಕತ್ತಲಲ್ಲಿ ಮೂಡುವ ಚುಕ್ಕೆ ಚುಕ್ಕೆ ಚಿತ್ರಕ್ಕೆ ಡೇಟಾ ಜಾಸ್ತಿ ಬೇಕಾಗುತ್ತದೆ, ಮುಂದೆ ಇನ್ನೊಂದು ಕ್ಯಾಮೆರಾ ಹಾಕುವ ಸಾಧ್ಯತೆಯೂ ಇರುತ್ತದೆ.

ಇದಕ್ಕೊಂದು ಅಡ್ಡದಾರಿ ಇದೆ. ಎಂಬಿಪಿಎಸ್ ಅನ್ನು 10.8ರಿಂದ ಗುಣಿಸಿ, ದಿನಕ್ಕೆ ಎಷ್ಟು ಜಿಬಿ ಅಂತ ನೇರವಾಗಿ ಬರುತ್ತದೆ. 4 ಎಂಬಿಪಿಎಸ್ ಕ್ಯಾಮೆರಾ ಅಂದರೆ 43.2 ಜಿಬಿ. ಕಾಗದದ ಮೇಲೆ ಬರೆದು ಅಂಗಡಿಗೆ ಹೋಗಿ. ಬಿಟ್‌ರೇಟನ್ನು ಅರ್ಧ ಮಾಡಿದರೆ ದಿನಗಳು ದುಪ್ಪಟ್ಟಾಗುತ್ತವೆ, ಆದರೆ ಮುಖ, ಗಾಡಿಯ ನಂಬರ್ ಪ್ಲೇಟ್ ಮಬ್ಬಾಗುತ್ತದೆ. ಕಳ್ಳತನ ಆದ ದಿನ ಬೇಕಾಗುವುದು ಅದೇ ಅಲ್ವಾ? ಬಿಟ್‌ರೇಟ್ ಹಾಗೇ ಬಿಟ್ಟು, ಗೋಡೌನಿನ ಥರ ಯಾರೂ ಬರದ ಕಡೆ ಮಾತ್ರ, ಚಲನೆ ಕಂಡಾಗ ರೆಕಾರ್ಡ್ ಮಾಡುವ ಆಯ್ಕೆ ಹಾಕಿ.

ಇಡೀ ರಾತ್ರಿಯ ರೆಕಾರ್ಡಿಂಗ್

ಯಕ್ಷಗಾನ ಮೇಳದ ಆಟವನ್ನು ಬೆಳಗಿನವರೆಗೆ ಧ್ವನಿಮುದ್ರಣ ಮಾಡುವವರಿಗೆ ಈ ಲೆಕ್ಕ. 128 ಕೆಬಿಪಿಎಸ್ ಎಂಪಿ3 ಆದರೆ 8ರಿಂದ ಭಾಗಿಸಿ, ಸೆಕೆಂಡಿಗೆ 16 ಕೆಬಿ. ನಿಮಿಷಕ್ಕೆ 960 ಕೆಬಿ, ಹೆಚ್ಚುಕಮ್ಮಿ 1 ಎಂಬಿ. ಎಂಟು ಗಂಟೆಗೆ ಸುಮಾರು 461 ಎಂಬಿ. ಹಳೆಯ ಚಿಕ್ಕ ಕಾರ್ಡ್ ಇದ್ದರೂ ನಡೆಯುತ್ತದೆ.

ಚೆಂಡೆ ಮದ್ದಳೆಯ ನಾದ ಪೂರ್ತಿ ಉಳಿಯಬೇಕು ಅಂತ ಸಿಡಿ ಗುಣಮಟ್ಟದ ವೇವ್ ಫೈಲ್ ಆರಿಸಿಕೊಂಡರೆ ಲೆಕ್ಕ ಬೇರೆ. ಸೆಕೆಂಡಿಗೆ ಧ್ವನಿಯ 44,100 ಮಾದರಿ (ಸ್ಯಾಂಪಲ್), ಒಂದಕ್ಕೆ 16 ಬಿಟ್ ಅಂದರೆ 2 ಬೈಟ್, ಎಡ ಬಲ ಎರಡು ಚಾನೆಲ್. ಗುಣಿಸಿದರೆ ಸೆಕೆಂಡಿಗೆ 1,76,400 ಬೈಟ್. ಗಂಟೆಗೆ 635 ಎಂಬಿ. ಎಂಟು ಗಂಟೆಗೆ 5.08 ಜಿಬಿ. 32 ಜಿಬಿ ಕಾರ್ಡ್ ಹಾಕಿದ್ದೇವಲ್ಲ, ಜಾಗ ಬೇಕಾದಷ್ಟಿದೆ ಅಂತ ಅನ್ನಿಸುತ್ತದೆ. ಜಾಗ ನಿಜವಾಗಿಯೂ ಇದೆ. ಆದರೆ 32 ಜಿಬಿ ಕಾರ್ಡುಗಳು ಸಾಮಾನ್ಯವಾಗಿ ಫೈಲುಗಳನ್ನು ಜೋಡಿಸಿಡುವ ಫ್ಯಾಟ್32 ಅನ್ನುವ ಪದ್ಧತಿಯಲ್ಲಿ ಫಾರ್ಮ್ಯಾಟ್ ಆಗಿರುತ್ತವೆ. ಅದರಲ್ಲಿ ಒಂದು ಫೈಲ್ 4,29,49,67,295 ಬೈಟಿಗಿಂತ ದೊಡ್ಡದಾಗುವ ಹಾಗಿಲ್ಲ. ಇದನ್ನು 1,76,400ರಿಂದ ಭಾಗಿಸಿದರೆ ಸುಮಾರು 24,348 ಸೆಕೆಂಡ್, ಅಂದರೆ ಆರು ಗಂಟೆ ನಲವತ್ತೈದು ನಿಮಿಷ. ರಾತ್ರಿ ಹತ್ತಕ್ಕೆ ಶುರು ಮಾಡಿದ್ದರೆ ಬೆಳಗಿನ ಜಾವ ನಾಲ್ಕೂ ಮುಕ್ಕಾಲಿಗೆ ಫೈಲ್ ತುಂಬುತ್ತದೆ. ಕೆಲವು ರೆಕಾರ್ಡರ್‌ಗಳು ತಾವಾಗಿಯೇ ಇನ್ನೊಂದು ಫೈಲ್ ಶುರು ಮಾಡುತ್ತವೆ, ಕೆಲವು ನಿಂತುಬಿಡುತ್ತವೆ. ನಿಮ್ಮದು ಯಾವ ಥರ ಅಂತ ಮನೆಯಲ್ಲೇ ಒಮ್ಮೆ ರಾತ್ರಿಯಿಡೀ ಓಡಿಸಿ ನೋಡಿ.

ಎಕ್ಸ್‌ಫ್ಯಾಟ್ ಅನ್ನುವ ಇನ್ನೊಂದು ಪದ್ಧತಿಗೆ ಫಾರ್ಮ್ಯಾಟ್ ಮಾಡಿದರೆ ಕಾರ್ಡಿನ ಮಿತಿ ಹೋಗುತ್ತದೆ, ಆದರೆ ಸಾಮಾನ್ಯ ವೇವ್ ಫೈಲಿಗೂ ಹೆಚ್ಚುಕಮ್ಮಿ ಇದೇ 4 ಜಿಬಿ ಮಿತಿ ಇದೆ. ಹಾಗಾಗಿ ಸುರಕ್ಷಿತವಾದದ್ದು, ನಡುರಾತ್ರಿ ದಾಟಿದ ಮೇಲೆ ಪ್ರಸಂಗದಲ್ಲಿ ಒಂದು ಬಿಡುವು ನೋಡಿ ನಿಲ್ಲಿಸಿ, ಮತ್ತೆ ಶುರು ಮಾಡುವುದು. ಒಂದೇ ಮೈಕ್ ಇಟ್ಟಿದ್ದರೆ ಮೋನೋದಲ್ಲಿ ರೆಕಾರ್ಡ್ ಮಾಡಿ. ಆಗ ಎಲ್ಲ ಅರ್ಧವಾಗಿ ಎಂಟು ಗಂಟೆಗೆ 2.54 ಜಿಬಿಯಲ್ಲಿ ಮುಗಿಯುತ್ತದೆ. ಕಾರ್ಡನ್ನು ಫಾರ್ಮ್ಯಾಟ್ ಮಾಡುವುದಾದರೆ ಅದರಲ್ಲಿರುವ ಹಳೆಯ ಆಟಗಳನ್ನು ಮೊದಲು ಕಂಪ್ಯೂಟರಿಗೆ ಕಾಪಿ ಮಾಡಿಕೊಂಡು, ಒಂದೆರಡನ್ನು ತೆರೆದು ಕೇಳಿ ನೋಡಿ, ಆಮೇಲೆ ಮಾಡಿ.